ತಿಂಗಳಿಗೆ ಕಾಲಿಂಚು

ಕಾಲಿಂಚು ಮಾಸ್ಟರ್‌ಗೆ ಆ ಹೆಸರು ಸುಮ್ಮನೆ ಬಂದದ್ದಲ್ಲ. ಇಪ್ಪತ್ತೆಂಟು ವರ್ಷದಿಂದ ಬಟ್ಟೆ ಹೊಲಿಯುತ್ತಿರುವ ಈ ಮನುಷ್ಯ ಗಿರಾಕಿಗಳ ಜೊತೆ ಜಗಳವಾಡಿದ್ದರೆ ಅದು ಯಾವತ್ತೂ ಕಾಲು ಇಂಚಿನ ಸಲುವಾಗಿಯೇ. 'ಸೊಂಟ ಸ್ವಲ್ಪ ಬಿಗಿಯಾಯ್ತು ಮಾಸ್ಟರೇ' ಎಂದು ಯಾರಾದರೂ ಬಂದರೆ ಪ್ಯಾಂಟನ್ನು ಮುಟ್ಟುತ್ತಲೇ ಇರಲಿಲ್ಲ. ಮೊದಲು ಗಿರಾಕಿಯ ಸೊಂಟ ಅಳೆಯುತ್ತಿದ್ದ. ಆಮೇಲೆ ಅಳತೆ ಪುಸ್ತಕ ತೆಗೆದು, ತಾರೀಖಿನ ಸಮೇತ ತೋರಿಸಿ, ಬೆಳೆದದ್ದು ಹೊಟ್ಟೆಯೇ ಹೊರತು ಕುಗ್ಗಿದ್ದು ಬಟ್ಟೆಯಲ್ಲ ಎಂದು ಸಾಬೀತು ಮಾಡುತ್ತಿದ್ದ. ಗಿರಾಕಿ ಸೋತು ಸುಣ್ಣವಾದ ಮೇಲೆ ಪ್ಯಾಂಟನ್ನು ಪುಕ್ಕಟೆ ಸಡಿಲ ಮಾಡಿಕೊಡುತ್ತಿದ್ದ. ವ್ಯಾಪಾರಕ್ಕಿಂತ ಅವನಿಗೆ ಗೆಲುವು ಮುಖ್ಯ.

ಹೆಂಡತಿ ಬೀದಿಗೆಲ್ಲ ಕಾಜಾ ಅಕ್ಕ. ಅಂಗಿಯ ಗುಂಡಿ ತೂರುವ ಕಂಡಿಗೆ ಕಾಜಾ ಎನ್ನುತ್ತಾರಲ್ಲ, ಅದನ್ನು ಕೈಯಲ್ಲಿ ಹೊಲಿಯುವುದರಲ್ಲಿ ಅವಳನ್ನು ಮೀರಿಸಿದವರಿರಲಿಲ್ಲ. ಬೇರೆ ಅಂಗಡಿಯವರೂ ಅಂಗಿಗಳ ಗಂಟು ತಂದು ಅವಳ ಮುಂದೆ ಇಟ್ಟು ಹೋಗುತ್ತಿದ್ದರು. ಒಂದು ಕಾಜಾಕ್ಕೆ ಐದು. ಚೌಕಾಸಿ ಇಲ್ಲ. ಹಾಗೆ ಹೊಲಿದೂ ಹೊಲಿದೂ ಬಲಗೈ ಹೆಬ್ಬೆರಳಿನ ಗೆಣ್ಣು ಊದಿಕೊಂಡು, ಬೆಳಗ್ಗೆ ಎದ್ದ ಕೂಡಲೇ ಬೆರಳು ಮಡಚಲು ಬರುತ್ತಿರಲಿಲ್ಲ. ಬಿಸಿನೀರಿನಲ್ಲಿ ಅದ್ದಿ ಅದನ್ನು ಕೆಲಸಕ್ಕೆ ಎಬ್ಬಿಸಬೇಕಿತ್ತು.

ಇವರಿಬ್ಬರೂ ಎಂಟು ವರ್ಷದ ಹಿಂದೆ ಒಂದು ಮನೆ ಕೊಂಡರು. ಆಗ ಅವನಿಗೆ ನಲವತ್ತೆರಡು, ಅವಳಿಗೆ ಮೂವತ್ತೆಂಟು. ಕೈಯಲ್ಲಿದ್ದದ್ದನ್ನೆಲ್ಲ ಸುರಿದ ಮೇಲೂ ಇಪ್ಪತ್ತು ಲಕ್ಷ ಕಡಿಮೆ ಬಿತ್ತು. ಅದನ್ನು ಬ್ಯಾಂಕು ಕೊಟ್ಟಿತು. ಸಲಹೆ ಕೊಟ್ಟವನು ಭಾಮೈದ. ಅವನು ಬಸ್ ಕಂಡಕ್ಟರ್. ಸಾಲದ ವಿಷಯದಲ್ಲಿ ಮಹಾ ಪಂಡಿತ, ಯಾಕೆಂದರೆ ಹುಟ್ಟಿದಾಗಿನಿಂದ ಒಂದು ಸಾಲವನ್ನೂ ಮಾಡಿರಲಿಲ್ಲ.

"ಭಾವ, ಸಾಲ ನೋಡಬೇಡಿ, ಕಂತು ನೋಡಿ," ಎಂದಿದ್ದ. "ಹದಿನೈದು ವರ್ಷಕ್ಕಾದ್ರೆ ತಿಂಗಳಿಗೆ ಹತ್ತೊಂಬತ್ತು ಸಾವಿರದ ಏಳ್ನೂರು. ಇಪ್ಪತ್ತು ವರ್ಷಕ್ಕಾದ್ರೆ ಹದಿನೇಳು ಸಾವಿರದ ಮುನ್ನೂರ ಐವತ್ತಾರು. ಕೂತಲ್ಲೇ ತಿಂಗಳಿಗೆ ಎರಡು ಸಾವಿರದ ಮೇಲೆ ಲಾಭ. ಲಾಭ ಬೇಡ ಅನ್ನೋರುಂಟಾ?"

ಮಾಸ್ಟರ್ ಬೇಡ ಅನ್ನಲಿಲ್ಲ. ಆದರೆ ಅವನು ಇಪ್ಪತ್ತು ವರ್ಷಕ್ಕೆ ಒಪ್ಪಿದ್ದು ಭಾಮೈದನ ಮಾತಿಗಲ್ಲ, ಟೇಪಿನ ಮಾತಿಗೆ. ಇಪ್ಪತ್ತು ವರ್ಷ ಅಂದರೆ ಇನ್ನೂರ ನಲವತ್ತು ತಿಂಗಳು. ಕೊರಳಲ್ಲಿ ನೇತಾಡುತ್ತಿದ್ದ ಟೇಪಿಗೆ ಅರವತ್ತು ಇಂಚು, ಇಂಚಿಗೆ ನಾಲ್ಕು ಕಾಲು, ಒಟ್ಟು ಇನ್ನೂರ ನಲವತ್ತು ಕಾಲಿಂಚು. ಬೇರೆಯವರು ಇದನ್ನು ಕಾಕತಾಳೀಯ ಎಂದುಕೊಂಡು ಸುಮ್ಮನಾಗುತ್ತಿದ್ದರು. ಮಾಸ್ಟರ್ ಮಾತ್ರ ಬ್ಯಾಂಕಿನವರೂ ಅಳತೆ ಬಲ್ಲ ಜನ ಎಂದುಕೊಂಡ.

ಹೊಸ ಮನೆಯ ಗೋಡೆಗೆ ಮೊಳೆ ಹೊಡೆದು ಹೊಸ ಟೇಪೊಂದನ್ನು ನೇತುಹಾಕಿದ. ಪ್ರತಿ ತಿಂಗಳು ಐದನೇ ತಾರೀಖು ಕಂತು ಕಟ್ಟಿ ಬಂದು, ಅರವತ್ತರ ತುದಿಯಿಂದ ಕಾಲಿಂಚು ಕತ್ತರಿಸುವುದು. ಟೇಪಿನ ತುದಿಯಲ್ಲಿ ಯಾವ ಅಂಕಿ ಉಳಿದಿದೆಯೋ ಅಷ್ಟು ಸಾಲ ಉಳಿದಿದೆ ಎಂದರ್ಥ. ಮೊದಲ ಕಾಲಿಂಚು ಕತ್ತರಿಸಿದ ದಿನ ಹೆಂಡತಿಗೆ ಮಾತು ಕೊಟ್ಟ.

"ಈ ಟೇಪು ಮುಗಿದ ದಿನ ನೀನು ಸೂಜಿ ಕೆಳಗಿಡು. ಆಮೇಲೂ ನಿನ್ನ ಕೈಯಲ್ಲಿ ಸೂಜಿ ಕಂಡರೆ ನನ್ನ ಹೆಸರು ಬದಲಾಯಿಸು."

"ಹೆಸರು ಹಾಗೇ ಇರ್ಲಿ ರೀ, ಮಾತು ಉಳಿಸ್ಕೊಳ್ಳಿ ಸಾಕು," ಎಂದಳು ಅವಳು. ಆದರೆ ಅಂದಿನಿಂದ ಕಸ ಗುಡಿಸುವಾಗಲೆಲ್ಲ ಆ ಟೇಪಿನ ತುದಿ ನೋಡದೆ ಮುಂದೆ ಹೋದವಳಲ್ಲ.

ಅವಳು ಆ ಮನೆಯಲ್ಲಿ ತನಗಾಗಿ ಕೇಳಿದ್ದು ಒಂದೇ ಒಂದು, ಬೀದಿಗೆ ಮುಖ ಮಾಡಿದ ಮುಂದಿನ ಕೋಣೆ. ಹುಟ್ಟಿದ್ದು ದರ್ಜಿಯ ಮನೆ, ಸೇರಿದ್ದು ದರ್ಜಿಯ ಮನೆ. ತಲೆದಿಂಬಿನಲ್ಲಿ ನೂಲು, ತಟ್ಟೆಯಲ್ಲಿ ನೂಲು, ತಲೆಗೂದಲಿನಲ್ಲಿ ನೂಲು. ಹಾಗಾಗಿ ಆ ಕೋಣೆಗೆ ಅವಳದೊಂದು ಕಾನೂನು: ಒಳಗೆ ನೂಲು ಬರಕೂಡದು. ಸೂಜಿ, ಬಟ್ಟೆಚೂರು, ಗುಂಡಿ ಯಾವುದೂ ಬರಕೂಡದು. ಮಾಸ್ಟರ್ ಒಳಗೆ ಕಾಲಿಡುವ ಮುಂಚೆ ಬಾಗಿಲಲ್ಲಿ ನಿಂತು ಪ್ಯಾಂಟು ಕೊಡವಬೇಕಿತ್ತು. ಅಲ್ಲಿ ಇದ್ದದ್ದು ಕಿಟಕಿ ಮತ್ತು ಒಂದು ಕುರ್ಚಿ. ಮಧ್ಯಾಹ್ನ ಎರಡರಿಂದ ಮೂರರ ತನಕ ಅವಳು ಅಂಗಡಿಯಿಂದ ಮನೆಗೆ ಬಂದು ಆ ಕುರ್ಚಿಯಲ್ಲಿ ಕೂರುತ್ತಿದ್ದಳು. ಕೂತು ಏನು ಮಾಡುತ್ತಾಳೆ ಎಂದು ಭಾಮೈದ ಒಮ್ಮೆ ಕೇಳಿದ್ದ. ಏನೂ ಮಾಡುವುದಿಲ್ಲ ಎಂದು ಮಾಸ್ಟರ್ ಹೆಮ್ಮೆಯಿಂದ ಹೇಳಿದ್ದ.

ಎರಡು ವರ್ಷ ಕಳೆದ ಮೇಲೆ ಬ್ಯಾಂಕಿನಿಂದ ಒಂದು ಕಾಗದ ಬಂತು. ಬಡ್ಡಿ ದರ ಎಂಟೂವರೆಯಿಂದ ಒಂಬತ್ತೂವರೆಗೆ ಏರಿದೆ, ಆದರೂ 'ನಿಮ್ಮ ಮಾಸಿಕ ಕಂತಿನಲ್ಲಿ ಯಾವುದೇ ಬದಲಾವಣೆ ಇರುವುದಿಲ್ಲ' ಎಂದು ಬರೆದಿತ್ತು. ಮಾಸ್ಟರ್‌ಗೆ ಹೊಟ್ಟೆಯಲ್ಲಿ ಹಾಲು ಹೊಯ್ದಂತಾಯಿತು. ನೂಲಿನ ಬೆಲೆ ಏರಿತ್ತು, ಗುಂಡಿಯ ಬೆಲೆ ಏರಿತ್ತು, ಅಂಗಡಿಯ ಮಾಲೀಕನಂತೂ ಬಾಡಿಗೆ ಏರಿಸಲು ಕುಂಟು ನೆಪ ಹುಡುಕುತ್ತಿದ್ದ. ಇಂಥ ಕಾಲದಲ್ಲಿ ಕಂತು ಏರಿಸದ ಬ್ಯಾಂಕು! ಪಕ್ಕದ ಅಂಗಡಿಗಳಿಗೆಲ್ಲ ಚಹಾ ಕೊಡಿಸಿದ. ಐದನೇ ವರ್ಷ, ದರ ಹತ್ತಾದಾಗ, ಅಂಥದೇ ಇನ್ನೊಂದು ಕಾಗದ ಬಂತು. ಮತ್ತೆ ಚಹಾ.

ಎರಡೂ ಕಾಗದಗಳ ಕೆಳಭಾಗದಲ್ಲಿ ಸಣ್ಣ ಅಕ್ಷರದ ಇನ್ನೊಂದು ಪ್ಯಾರಾ ಇತ್ತು. ಅದನ್ನು ಅವನು ಓದಲಿಲ್ಲ. ತಮಾಷೆಯೆಂದರೆ, 'ಮೂರು ತಿಂಗಳೊಳಗೆ ಒಯ್ಯದ ಬಟ್ಟೆಗೆ ನಾವು ಜವಾಬ್ದಾರರಲ್ಲ' ಎಂದು ತನ್ನ ಬಿಲ್ಲಿನ ಬುಡದಲ್ಲಿ ಸಣ್ಣ ಅಕ್ಷರದಲ್ಲಿ ಅಚ್ಚು ಹಾಕಿಸಿದ್ದವನು ಇವನೇ. ಸಣ್ಣ ಅಕ್ಷರವನ್ನು ಯಾರೂ ಓದುವುದಿಲ್ಲ ಎಂಬುದು ಇವನಷ್ಟು ಚೆನ್ನಾಗಿ ಇನ್ಯಾರಿಗೂ ಗೊತ್ತಿರಲಿಲ್ಲ.

ತೊಂಬತ್ತಾರನೇ ಕಂತು ಕಟ್ಟಿದ ದಿನ ಟೇಪು ಮೂವತ್ತಾರಕ್ಕೆ ಬಂದು ನಿಂತಿತು. ಮೂವತ್ತಾರು ಇಂಚು ಅಂದರೆ ಸರಿಯಾಗಿ ಒಂದು ಗಜ. ಗಜ ಎಂದರೆ ದರ್ಜಿಗೆ ಒಂದು ಗೌರವ. ಉಳಿದದ್ದು ಹನ್ನೆರಡೇ ವರ್ಷ ಎಂದು ಬ್ಯಾಂಕಿನ ಮೊಹರಿರುವ ಒಂದು ಕಾಗದ ತಂದು ಹೆಂಡತಿಯ ಕೈಗಿಡಬೇಕು ಅನ್ನಿಸಿತು. ಮಾರನೇ ದಿನ ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ಬ್ಯಾಂಕಿಗೆ ಹೋದ.

ಸಾಲದ ವಿಭಾಗದ ಮೇಜಿನ ಹಿಂದೆ ಕೂತಿದ್ದ ಹುಡುಗಿ ಖಾತೆ ತೆರೆದು ನೋಡಿದಳು.

"ಬಾಕಿ ಕಂತು ಇನ್ನೂರ ನಲವತ್ತು ಸರ್."

"ಅದು ಶುರುವಿನದು ಕಣಮ್ಮ. ಇವತ್ತಿನದು ಹೇಳು."

"ಇವತ್ತಿನದೇ ಸರ್."

ಮಾಸ್ಟರ್ ನಕ್ಕ. ಹುಡುಗಿ ನಗಲಿಲ್ಲ. ಬೇರೆ ಯಾರದೋ ಖಾತೆ ತೆರೆದಿರಬೇಕು ಎಂದು ಅವನು ತನ್ನ ಪಾಸ್‌ಬುಕ್ ಮುಂದೆ ತಳ್ಳಿದ. ಅವಳು ನಂಬರು ಓದಿ ಹೇಳಿದಳು. ಅವನದೇ.

"ಎಂಟು ವರ್ಷ ಕಟ್ಟಿದ್ದೀನಿ. ಒಂದು ತಿಂಗಳು ತಪ್ಪಿಸಿಲ್ಲ."

"ಹೌದು ಸರ್, ನಿಮ್ಮ ದಾಖಲೆ ತುಂಬಾ ಚೆನ್ನಾಗಿದೆ," ಎಂದಳು ಹುಡುಗಿ. ಅದನ್ನು ಅವಳು ನಿಜವಾದ ಮೆಚ್ಚುಗೆಯಿಂದಲೇ ಹೇಳಿದಳು. ಆಮೇಲೆ ಒಂದು ಹಾಳೆ ತೆಗೆದುಕೊಂಡು ಬರೆದು ತೋರಿಸಿದಳು. ದರ ಏರಿದಾಗ ಬ್ಯಾಂಕು ಎರಡರಲ್ಲಿ ಒಂದು ಮಾಡಬಹುದು, ಕಂತು ಏರಿಸಬಹುದು ಇಲ್ಲವೇ ವರ್ಷ ಏರಿಸಬಹುದು. ಕಂತು ಏರಿಸಿದರೆ ಜನ ಬಂದು ಕೂಗಾಡುತ್ತಾರೆ. ವರ್ಷ ಏರಿಸಿದರೆ ಯಾರೂ ಬರುವುದಿಲ್ಲ. ಮಾಸ್ಟರ್‌ಗೆ ವರ್ಷವನ್ನೇ ಏರಿಸಿದ್ದರು, ಕಾಗದಗಳ ಸಣ್ಣ ಅಕ್ಷರದಲ್ಲಿ ಇದ್ದದ್ದು ಅದೇ. ಈ ತಿಂಗಳಿಂದ ದರ ಹತ್ತೂವರೆ. ಮಾಸ್ಟರ್ ಕಟ್ಟುವ ಹದಿನೇಳು ಸಾವಿರದ ಮುನ್ನೂರ ಐವತ್ತಾರರಲ್ಲಿ ಹದಿನೈದು ಸಾವಿರದ ಇನ್ನೂರು ಬಡ್ಡಿಗೇ ಹೋಗುತ್ತದೆ. ಎಂಟು ಪಾಲಿನಲ್ಲಿ ಏಳು ಬಡ್ಡಿಗೆ, ಒಂದು ಅಸಲಿಗೆ.

"ನಾನು ಇಲ್ಲೀವರೆಗೆ ಕಟ್ಟಿದ್ದೆಷ್ಟು?"

"ಹದಿನಾರು ಲಕ್ಷ ಅರವತ್ತಾರು ಸಾವಿರ."

"ಅದರಲ್ಲಿ ತೀರಿದ್ದು?"

"ಎರಡು ಲಕ್ಷ ಅರವತ್ತಮೂರು ಸಾವಿರ ಸರ್. ಅಸಲು ಇನ್ನೂ ಹದಿನೇಳು ಲಕ್ಷ ಮೂವತ್ತೇಳು ಸಾವಿರ ಇದೆ. ಹೀಗೇ ಹೋದ್ರೆ ನೀವು ಒಟ್ಟು ಐವತ್ತೆಂಟು ಲಕ್ಷ ಕಟ್ಟಿದ ಹಾಗಾಗುತ್ತೆ."

ಹೊಳೆಯಲ್ಲಿ ಹುಣಸೆಹಣ್ಣು ತೊಳೆದಂತಾಯಿತು ಅನ್ನುತ್ತಾರಲ್ಲ, ಮಾಸ್ಟರ್ ಎಂಟು ವರ್ಷ ಸತತವಾಗಿ, ಒಂದು ತಿಂಗಳೂ ತಪ್ಪಿಸದೆ, ಹೊಳೆಯಲ್ಲಿ ಹುಣಸೆಹಣ್ಣು ತೊಳೆದಿದ್ದ. ಅದೂ ಚಹಾ ಹಂಚಿಕೊಂಡು.

"ಇದಕ್ಕೇನಾದ್ರೂ ದಾರಿ ಇದೆಯೇನಮ್ಮ?" ಎಂದು ಕೇಳಿದ.

"ಹನ್ನೆರಡು ವರ್ಷದಲ್ಲೇ ಮುಗೀಬೇಕು ಅಂದ್ರೆ ಕಂತನ್ನ ಇಪ್ಪತ್ತೊಂದು ಸಾವಿರದ ಇನ್ನೂರ ಅರವತ್ತನಾಲ್ಕು ಮಾಡ್ಬೇಕು. ತಿಂಗಳಿಗೆ ನಾಲ್ಕು ಸಾವಿರ ಎಲ್ಲಾದ್ರೂ ಉಳಿಸೋಕಾಗುತ್ತಾ ನೋಡಿ. ಹನ್ನೊಂದು ಲಕ್ಷದಷ್ಟು ಬಡ್ಡಿ ಉಳಿಯುತ್ತೆ."

ಅಂಗಡಿ ಬಾಡಿಗೆ ತಿಂಗಳಿಗೆ ನಾಲ್ಕು ಸಾವಿರ. ಅಂಗಡಿ ಬಿಟ್ಟು ಮನೆಯಲ್ಲೇ ಹೊಲಿದರೆ ಲೆಕ್ಕ ಸರಿಹೋಗುತ್ತದೆ. ಗಿರಾಕಿಗಳು ಬಂದು ಹೋಗಲು ಬೀದಿಗೆ ಮುಖ ಮಾಡಿದ ಕೋಣೆಯೊಂದು ಬೇಕು. ಅಂಥ ಕೋಣೆ ಮನೆಯಲ್ಲಿ ಒಂದೇ ಇತ್ತು. ಇಷ್ಟೂ ಮಾಸ್ಟರ್‌ಗೆ ಕಣ್ಣು ಮಿಟುಕಿಸುವಷ್ಟರಲ್ಲಿ ಹೊಳೆಯಿತು. ಹೊಳೆದ ಕೂಡಲೇ ಮರೆಯಲು ತೀರ್ಮಾನಿಸಿದ.

ವಾಪಸ್ ಬರುವ ಬಸ್ಸಿನಲ್ಲಿ ಭಾಮೈದನೇ ಕಂಡಕ್ಟರ್. ಮಾಸ್ಟರ್ ಅವನಿಗೆ ಎಲ್ಲವನ್ನೂ ಹೇಳಿದ. ಭಾಮೈದ ಎರಡು ನಿಲ್ದಾಣದವರೆಗೆ ಯೋಚಿಸಿದ.

"ಟಿಕೆಟ್ ದರ ಹೆಚ್ಚಾಗಿಲ್ಲ ಭಾವ," ಎಂದ ಕೊನೆಗೆ. "ಊರೇ ಮುಂದಕ್ಕೆ ಹೋಗಿದೆ, ಅಷ್ಟೇ." ಹೇಳಿ, ಟಿಕೆಟ್ ಹರಿದುಕೊಟ್ಟು, ದುಡ್ಡು ತೆಗೆದುಕೊಂಡ.

ಮನೆಗೆ ಬಂದು ಹೆಂಡತಿಗೆ ಏನೂ ಹೇಳಲಿಲ್ಲ. ಹನ್ನೆರಡು ವರ್ಷ ಕಳೆದರೆ ಅವಳಿಗೆ ಐವತ್ತೆಂಟು. ಇಪ್ಪತ್ತು ಕಳೆದರೆ ಅರವತ್ತಾರು. ಆ ಹೆಬ್ಬೆರಳು ಅರವತ್ತಾರರ ತನಕ ಬರುವುದಿಲ್ಲ ಎಂದು ಅವನಿಗೆ ಗೊತ್ತಿತ್ತು. ಇದನ್ನು ಯಾವ ಬಾಯಲ್ಲಿ ಹೇಳುವುದು? ಬಿಸಿ ತುಪ್ಪ ಬಾಯಿಗೆ ಹಾಕಿಕೊಂಡವನಂತೆ ಒಂದು ತಿಂಗಳು ಒದ್ದಾಡಿದ.

ಮುಂದಿನ ಐದನೇ ತಾರೀಖು ಬಂತು. ಕಂತು ಕಟ್ಟಿ ಬಂದು ಕತ್ತರಿ ಹಿಡಿದು ಟೇಪಿನ ಮುಂದೆ ನಿಂತ. ಕೈ ಏಳಲಿಲ್ಲ. ಬಟ್ಟೆ ಕೊಡುವ ದಿನದ ಬಗ್ಗೆ ಅವನು ಸಾವಿರ ಸುಳ್ಳು ಹೇಳಿದ್ದ, ಅದು ಕಸುಬಿನ ಧರ್ಮ. ಆದರೆ ಅಳತೆಯ ವಿಷಯದಲ್ಲಿ ಸುಳ್ಳು ಹೇಳಿದವನಲ್ಲ. ಆ ಟೇಪು ಆರು ವರ್ಷದಿಂದ ಸುಳ್ಳು ಹೇಳುತ್ತಿತ್ತು, ಅದೂ ಅವನದೇ ಕತ್ತರಿಯಿಂದ.

ಟೇಪನ್ನು ಸರಿಮಾಡಬೇಕು, ಹೆಂಡತಿಗೆ ಗೊತ್ತಾಗಲೂಬಾರದು. ಹಾಗಾದರೆ ಸ್ವಲ್ಪ ಸ್ವಲ್ಪವಾಗಿಯೇ ಆಗಬೇಕು. ಅದೇ ಕಂಪನಿಯ ಹೊಸ ಟೇಪು ತಂದು, ಮೂವತ್ತೇಳರಿಂದ ನಲವತ್ತರ ತನಕ ನಾಲ್ಕು ಇಂಚು ಕತ್ತರಿಸಿದ. ಹಳೆಯ ಟೇಪು ಬಿಸಿಲಿಗೆ ಮಾಸಿತ್ತು. ಹೊಸತು ಹಳದಿ ಹೊಳೆಯುತ್ತಿತ್ತು. ಚೂರನ್ನು ಕಡುಚಹಾದಲ್ಲಿ ಅದ್ದಿ, ಒಣಗಿಸಿ, ಕಾಣದ ಹೊಲಿಗೆ ಹಾಕಿ ಹಳೆಯದಕ್ಕೆ ಜೋಡಿಸಿದ. ಅಂಕಿ ಅಂಕಿಗೆ ಕೂತಿತು. ಬರುವ ತಿಂಗಳು ಇನ್ನು ನಾಲ್ಕು, ಅದರ ಮುಂದಿನ ತಿಂಗಳು ಇನ್ನು ನಾಲ್ಕು. ಬ್ಯಾಂಕು ತನಗೆ ಮಾಡಿದ್ದನ್ನೇ ತಾನು ಹೆಂಡತಿಗೆ ಮಾಡುತ್ತಿದ್ದೇನೆ ಎಂಬುದು ಅವನ ತಲೆಗೆ ಹೊಳೆಯಲಿಲ್ಲ. ಹೊಲಿಗೆ ಅಷ್ಟು ಚೆನ್ನಾಗಿ ಬಂದಿತ್ತು.

ಮಾರನೇ ಬೆಳಗ್ಗೆ ಹೆಂಡತಿ ಕಸ ಗುಡಿಸುತ್ತ ಟೇಪಿನ ಹತ್ತಿರ ನಿಂತಳು. ತುದಿ ನೋಡಿದಳು. ಹೆಬ್ಬೆರಳಿಂದ ಜೋಡಣೆಯನ್ನು ಸವರಿದಳು. ಟೇಪನ್ನು ಮೂಗಿಗೆ ಹಿಡಿದಳು.

"ರೀ, ಇದಕ್ಕೆ ಚಹಾ ಕುಡಿಸಿದ್ದೀರಾ?"

ಮಾಸ್ಟರ್ ಪೇಪರಿನ ಹಿಂದೆ ಕೂತಿದ್ದ. ಪೇಪರನ್ನು ಇನ್ನಷ್ಟು ಮೇಲಕ್ಕೆ ಎತ್ತಿಕೊಂಡ.

"ನೋಡಿ, ನಾನು ಸುತ್ತಿ ಬಳಸಿ ಕೇಳಲ್ಲ. ಅಸಲು ಏನ್ರೀ?"

"ಹದಿನೇಳು ಲಕ್ಷ ಮೂವತ್ತೇಳು ಸಾವಿರ," ಎಂದುಬಿಟ್ಟ ಮಾಸ್ಟರ್.

ವಿಷಯದ ಅಸಲು ಏನು ಎಂದು ಅವಳು ಕೇಳಿದ್ದು. ಸಾಲದ ಅಸಲು ಎಷ್ಟು ಎಂದು ಅವನು ಹೇಳಿದ್ದು. ಎರಡೂ ಒಂದೇ ಆಗಿದ್ದರಿಂದ ಅವಳಿಗೆ ಅರ್ಥವಾಗಲು ಹೆಚ್ಚು ಹೊತ್ತು ಬೇಕಾಗಲಿಲ್ಲ. ಬ್ಯಾಂಕಿನ ಹುಡುಗಿ ಲೆಕ್ಕ ಬರೆದುಕೊಟ್ಟಿದ್ದ ಹಾಳೆಯನ್ನು ಅವನು ತಂದು ಮುಂದೆ ಇಟ್ಟ, ಹನ್ನೆರಡು ವರ್ಷಕ್ಕೆ ಬೇಕಾದ ಹೆಚ್ಚಿನ ನಾಲ್ಕು ಸಾವಿರವೂ ಅದರಲ್ಲಿತ್ತು. ಅವಳು ಪೊರಕೆ ಗೋಡೆಗೆ ಒರಗಿಸಿ ಪೂರ್ತಿ ಓದಿದಳು. ಆಮೇಲೆ ಹಾಳೆಯ ಹಿಂದೆ ಸೀಮೆಸುಣ್ಣದಲ್ಲಿ ತನ್ನದೇ ಲೆಕ್ಕ ಹಾಕಿದಳು.

"ಹೆಚ್ಚಿಗೆ ಎಂಟು ವರ್ಷ ಅಂದ್ರೆ ಹದಿನಾರು ಲಕ್ಷ ಅರವತ್ತಾರು ಸಾವಿರ. ಒಂದು ಕಾಜಾಕ್ಕೆ ಐದು. ಮೂರು ಲಕ್ಷ ಮೂವತ್ತಮೂರು ಸಾವಿರ ಕಾಜಾ ರೀ." ತನ್ನ ಹೆಬ್ಬೆರಳನ್ನು ಒಮ್ಮೆ ನೋಡಿಕೊಂಡಳು. "ಇದಕ್ಕೆ ಹೇಳಿದ್ರಾ?"

ಮಾಸ್ಟರ್‌ಗೆ ಅಳು ಬಂತು. ಬೈದುಬಿಡು ಎಂದ. ಬೈದಳು. ಆದರೆ ಬ್ಯಾಂಕಿಗಲ್ಲ, ಸಾಲಕ್ಕೂ ಅಲ್ಲ.

"ಬ್ಯಾಂಕಿನೋರು ಕಾಗದನಾದ್ರೂ ಕಳಿಸಿದ್ರು. ಓದ್ದೇ ಇದ್ದಿದ್ದು ನಮ್ಮ ಕರ್ಮ. ನೀವು ಚಹಾದಲ್ಲಿ ಅದ್ದಿದ್ರಿ! ಇಪ್ಪತ್ತೈದು ವರ್ಷ ನಿಮ್ಮ ಪಕ್ಕದಲ್ಲಿ ಕೂತು ಹೊಲಿದಿದ್ದೀನಿ, ನಿಮ್ಮ ಹೊಲಿಗೆ ನಂಗೆ ಗೊತ್ತಾಗಲ್ವಾ?"

ಅವತ್ತು ಅವಳು ಅಂಗಡಿಗೆ ಹೋಗಲಿಲ್ಲ. ಎರಡು ಗಂಟೆಗೆ ಮುಂದಿನ ಕೋಣೆಗೆ ಹೋಗಿ ಬಾಗಿಲು ಹಾಕಿಕೊಂಡಳು. ಮೂರಾಯಿತು, ನಾಲ್ಕಾಯಿತು. ಐದು ಗಂಟೆಗೆ ಬಾಗಿಲು ತೆರೆದು ಹೊರಗೆ ಬಂದಳು. ಅತ್ತಂತೆ ಕಾಣಲಿಲ್ಲ, ತುಂಬ ಹೊತ್ತು ಒಂದನ್ನೇ ನೋಡಿದವರ ಕಣ್ಣು ಹೇಗಿರುತ್ತದೋ ಹಾಗಿತ್ತು.

"ಕಟಿಂಗ್ ಟೇಬಲ್ ಕಿಟಕಿ ಕಡೆಗೆ ಹಾಕಿ," ಎಂದಳು. "ಬೆಳಕು ಅಲ್ಲೇ ಚೆನ್ನಾಗಿ ಬೀಳುತ್ತೆ."

"ಬೇಡ ಕಣೇ. ಬೇರೆ ಏನಾದ್ರೂ ನೋಡೋಣ. ಇನ್ನೊಂದು ಕಡೆ ಕೆಲಸ ಹಿಡೀತೀನಿ..."

"ಐವತ್ತಾಯ್ತು ನಿಮಗೆ. ನಾಲ್ಕು ಸಾವಿರ ಎಲ್ಲಿಂದ ಬರುತ್ತೆ ಅಂತ ನಿಮಗೂ ಗೊತ್ತು, ನಂಗೂ ಗೊತ್ತು. ಮಾಲೀಕನಿಗೆ ಅಂಗಡಿ ಬೀಗದ ಕೈ ಕೊಟ್ಟು ಬನ್ನಿ."

ಮಾರನೇ ದಿನ ಇಬ್ಬರೂ ಬ್ಯಾಂಕಿಗೆ ಹೋದರು. ಕಂತು ಹೆಚ್ಚು ಮಾಡಿ ಎಂದಾಗ ಸಾಲದ ಮೇಜಿನ ಹುಡುಗಿ ಖಾನೆಯೆಲ್ಲ ತಡಕಾಡಿದಳು. ಕಂತು ಕಡಿಮೆ ಮಾಡಿ ಎಂದು ಕೇಳುವ ಅರ್ಜಿ ಕಂತೆಗಟ್ಟಲೆ ಇತ್ತು, ಹೆಚ್ಚು ಮಾಡಿ ಎಂದು ಕೇಳುವುದಕ್ಕೆ ಅರ್ಜಿಯೇ ಇರಲಿಲ್ಲ. ಕೊನೆಗೆ ಇದ್ದ ಅರ್ಜಿಯಲ್ಲೇ 'ಕಡಿಮೆ' ಎಂಬುದನ್ನು ಹೊಡೆದುಹಾಕಿ ಮೇಲೆ 'ಹೆಚ್ಚು' ಎಂದು ಬರೆದು ಕೊಟ್ಟಳು. ಹೆಂಡತಿ ಸಹಿ ಮಾಡುವ ಮುಂಚೆ ಬುಡದ ಸಣ್ಣ ಅಕ್ಷರದಲ್ಲಿ ಬೆರಳಿಟ್ಟು ಒಂದೊಂದೇ ಪದ ಓದಿದಳು. ಅವರ ಹಿಂದೆ ನಿಂತ ಜನರ ಸಾಲು ಬಾಗಿಲಿನ ತನಕ ಬೆಳೆಯಿತು.

"ದರ ಮತ್ತೆ ಏರಿದ್ರೆ ಮತ್ತೆ ವರ್ಷ ಬೆಳೆಯುತ್ತೆ ಅಮ್ಮ," ಎಂದು ಹುಡುಗಿ ಎಚ್ಚರಿಸಿದಳು. "ಕಾಗದ ಬಂದ ಕೂಡಲೇ ಬನ್ನಿ."

"ಇನ್ಮೇಲೆ ಕಾಗದ ನಾನೇ ಓದ್ತೀನಿ," ಎಂದಳು ಅವಳು.

ಭಾನುವಾರ ಸಾಮಾನು ಬಂತು. ಕಟಿಂಗ್ ಟೇಬಲ್, ಎರಡು ಮೆಷಿನ್, ಇಸ್ತ್ರಿಪೆಟ್ಟಿಗೆ, ಬಟ್ಟೆಯ ಕಪಾಟು. ಕೋಣೆ ಇಷ್ಟು ಚಿಕ್ಕದಾಗಿತ್ತು ಎಂದು ಅವತ್ತೇ ಗೊತ್ತಾದದ್ದು. ಅವಳ ಕುರ್ಚಿ ಗಿರಾಕಿಗಳು ಕೂರಲು ಬಾಗಿಲ ಬಳಿ ಹೋಯಿತು. ಸೋಮವಾರ ಮಧ್ಯಾಹ್ನ ಎರಡು ಗಂಟೆಗೆ ಮಾಸ್ಟರ್ ಮೆಷಿನ್ ನಿಲ್ಲಿಸಿದ.

"ಒಂದು ಗಂಟೆ ಬಾಗಿಲು ಹಾಕೋಣ. ನೀನು ಕೂತ್ಕೋ, ನಾನು ಹೊರಗಿರ್ತೀನಿ."

ಅವಳು ನೆಲ ನೋಡಿದಳು. ಬೆಳಗ್ಗಿನಿಂದ ಮೂರು ಸಲ ಗುಡಿಸಿದ್ದಳು. "ಇಲ್ಲಿ ಈಗ ನೂಲಿದೆಯಲ್ರೀ," ಎಂದು ಮುಂದಿನ ಅಂಗಿ ಎತ್ತಿಕೊಂಡಳು. ಅವಳ ದನಿಯಲ್ಲಿ ದೂರಿರಲಿಲ್ಲ. ದೂರು ಇದ್ದಿದ್ದರೆ ಮಾಸ್ಟರ್‌ಗೆ ಎಷ್ಟೋ ವಾಸಿಯಾಗುತ್ತಿತ್ತು.

ಆ ವಾರದ ಕೊನೆಗೆ ಪ್ಯಾಂಟು ಹೊಲಿಸಲು ಒಬ್ಬ ಹೊಸ ಗಿರಾಕಿ ಬಂದ. ಹೊಸದಾಗಿ ಸಂಸಾರ ಹೂಡಿದವನು, ತಾನೂ ಮನೆ ನೋಡುತ್ತಿದ್ದೇನೆ ಎಂದ. ಗೋಡೆ, ಕಿಟಕಿ, ಸೂರು ಎಲ್ಲವನ್ನೂ ಕೊಳ್ಳುವವನ ಕಣ್ಣಲ್ಲಿ ನೋಡಿದ.

"ಚೆನ್ನಾಗಿದೆ ಮಾಸ್ಟರೇ ಮನೆ. ಎಷ್ಟು ಬಿತ್ತು?"

ಮಾಸ್ಟರ್ ಬಾಯಿ ತೆರೆದ. ಎಂಟು ವರ್ಷ ಈ ಪ್ರಶ್ನೆಗೆ ಅವನು ಕೊಂಡ ಬೆಲೆಯನ್ನು ಥಟ್ಟನೆ ಹೇಳಿದ್ದ. ಈಗ ಅದು ನಾಲಿಗೆಗೆ ಬರಲಿಲ್ಲ. ಮೂಲೆಯಲ್ಲಿ ಕಾಜಾ ಹೊಲಿಯುತ್ತಿದ್ದ ಹೆಂಡತಿ ತಲೆ ಎತ್ತದೆ ಹೇಳಿದಳು.

"ಬ್ಯಾಂಕಿಗೇ ನಲವತ್ತೇಳು ಲಕ್ಷ. ಅದರ ಜೊತೆ ಈ ಕೋಣೆ."

"ಕೋಣೆ ಮನೆಯೊಳಗೇ ಬಂತಲ್ಲಮ್ಮ! ಅದನ್ನ ಯಾಕೆ ಬೇರೆ ಹೇಳ್ತೀರಿ?"

"ಅದನ್ನ ಬೇರೆಯಾಗೇ ಕೊಟ್ಟಿದ್ದು," ಎಂದು ಅವಳು ನೂಲನ್ನು ಹಲ್ಲಿನಿಂದ ಕಡಿದಳು.

ಒಳ್ಳೆ ತಮಾಷೆ ಎಂದು ಗಿರಾಕಿ ನಕ್ಕ. ಮಾಸ್ಟರ್ ಅವನ ಕಾಲಿನ ಬಳಿ ಮಂಡಿಯೂರಿ ಟೇಪು ಹಿಡಿದ. ಕಣ್ಣು ಮಂಜಾಗಿ ಅಂಕಿ ಕಾಣಿಸಲಿಲ್ಲ. ಇಪ್ಪತ್ತೆಂಟು ವರ್ಷದಲ್ಲಿ ಮೊದಲ ಬಾರಿಗೆ ಅವನು ಒಂದು ಕಾಲಿನ ಉದ್ದವನ್ನು ಎರಡು ಸಲ ಅಳೆಯಬೇಕಾಯಿತು.